ಸಣ್ಣ ಪಾತ್ರದ ದೊಡ್ಡ ನಟ

ನಾಟಕದಲ್ಲಿ ಅರಸನೊಬ್ಬನೇ ಇದ್ದರೆ ಸಾಲದು. ಬಾಗಿಲು ಕಾಯುವವನು ಬೇಕು, ಓಲೆ ತರುವ ದೂತನು ಬೇಕು, ಬೀದಿಯಲ್ಲಿ ಕೈಯೊಡ್ಡಿ ನಿಂತ ಬಡವನೂ ಬೇಕು. ಇವರಿಲ್ಲದೆ ಅರಸನ ವೈಭವ ಶೋಭಿಸದು. ಇಂತಹ ಪಾತ್ರಗಳನ್ನು ವಹಿಸುವವನನ್ನು ಪೋಷಕ ನಟನೆಂದು ಕರೆಯುತ್ತೇವೆ. ಪೋಷಕನೆಂದರೆ ಸಲಹುವವನು. ಕಥೆಯನ್ನು ಸಲಹಿದವನ ಹೆಸರನ್ನು ಪ್ರೇಕ್ಷಕರು ಅನೇಕ ವೇಳೆ ಕೇಳುವುದೇ ಇಲ್ಲ. ಹೀಗೆ ದೀರ್ಘಕಾಲ ದುಡಿದು, ಕೊನೆಗೆ ದೂರದ ದೇಶದಿಂದಲೂ ಮನ್ನಣೆ ಪಡೆದ ಕನ್ನಡ ನಟರೊಬ್ಬರಿದ್ದಾರೆ. ಅವರೇ ವೈಜನಾಥ ಬಿರಾದಾರ.

ಬೀದರ್ ಜಿಲ್ಲೆಯು ಕರ್ನಾಟಕದ ಉತ್ತರದ ತುದಿಯಲ್ಲಿದೆ. ಬೀದರ್ ನಗರವು ಬಹಮನಿ ಸುಲ್ತಾನರ ಕೋಟೆಗೂ 1472ರಲ್ಲಿ ಪೂರ್ಣಗೊಂಡ ಮಹಮೂದ್ ಗವಾನನ ಮದರಸಾಕ್ಕೂ ಪ್ರಸಿದ್ಧವಾಗಿದೆ. ಔರಾದ ತಾಲ್ಲೂಕನ್ನು ದಾಟಿದರೆ ಮಹಾರಾಷ್ಟ್ರ. ಇಲ್ಲಿನ ಸಂತೆಯಲ್ಲಿ ಕನ್ನಡ, ಮರಾಠಿ, ತೆಲುಗು, ಉರ್ದು ಮಾತುಗಳು ಒಟ್ಟಿಗೆ ಕಿವಿಗೆ ಬೀಳುತ್ತವೆ. 1948ರವರೆಗೆ ಈ ನಾಡು ನಿಜಾಮರ ಆಳ್ವಿಕೆಯಲ್ಲಿತ್ತು. 1956ರಲ್ಲಿ ಮೈಸೂರು ರಾಜ್ಯವನ್ನು ಸೇರಿತು. ಉರ್ದುವು ಆಡಳಿತದ ಭಾಷೆಯಾಗಿದ್ದ ದಿನಗಳಲ್ಲಿ ಕನ್ನಡವು ಮನೆಮಾತಿನಲ್ಲಿ, ವಚನ ಭಜನೆಗಳಲ್ಲಿ, ಜಾತ್ರೆಯ ನಾಟಕಗಳಲ್ಲಿ ಉಳಿದು ಬಂದಿತು. ಇದೇ ಜಿಲ್ಲೆಯ ಭಾಲ್ಕಿ ತಾಲ್ಲೂಕಿನ ತೇಗಂಪುರವೇ ಬಿರಾದಾರರ ಹುಟ್ಟೂರು.

ಅವರು ರಂಗಭೂಮಿಯಿಂದ ಚಿತ್ರರಂಗಕ್ಕೆ ಬಂದವರು. ಜಾತ್ರೆಯ ನಾಟಕದಲ್ಲಿ ನಟನ ಮಾತು ಕೊನೆಯ ಸಾಲಿನಲ್ಲಿ ಕುಳಿತವನಿಗೂ ಕೇಳಬೇಕು; ಕೈಸನ್ನೆ ದೂರಕ್ಕೂ ಕಾಣಬೇಕು. ಕ್ಯಾಮೆರಾದ ಮುಂದೆ ಇದಕ್ಕೆ ವಿರುದ್ಧವಾದ ಹದ ಬೇಕಾಗುತ್ತದೆ. ಕಣ್ಣು ತುಸು ಅಲುಗಿದರೂ ಸಾಕು, ಅದು ತೆರೆಯ ಮೇಲೆ ಹಿರಿದಾಗಿ ಕಾಣುತ್ತದೆ. ಎರಡನ್ನೂ ಅರಿತವನೇ ಎರಡು ಕಡೆಯೂ ನಿಲ್ಲಬಲ್ಲನು.

ತೇಗಂಪುರದಿಂದ ಚಿತ್ರರಂಗದ ಕೇಂದ್ರವಾದ ಬೆಂಗಳೂರಿಗೆ ನೂರಾರು ಮೈಲಿಗಳ ಹಾದಿ. ಅಲ್ಲಿ ಬಿರಾದಾರರಿಗೆ ದೊರೆತವು ಬಹುಮಟ್ಟಿಗೆ ಭಿಕ್ಷುಕನ, ಕುಡುಕನ, ಹಳ್ಳಿಯ ಮುಗ್ಧನ ಪಾತ್ರಗಳು. ಒಂದೆರಡು ದೃಶ್ಯಗಳಲ್ಲಿ ಬಂದು, ನಗಿಸಿ ಹೋಗುವುದಷ್ಟೇ ಅವರ ಕೆಲಸ. ಕೃಶವಾದ ದೇಹ, ಗಡಿನಾಡಿನ ಮಾತಿನ ಧಾಟಿ ಇವೇ ಅವರ ಬಂಡವಾಳ. ಪ್ರೇಕ್ಷಕರು ಆ ಬಡವನನ್ನು ಕಂಡು ನಕ್ಕರು. ಆದರೆ ಅವನ ಮನಸ್ಸಿನಲ್ಲಿ ಏನಿದೆಯೆಂದು ಕೇಳುವ ಕಥೆಗಳು ಹೆಚ್ಚಾಗಿ ಬರಲಿಲ್ಲ.

ಅಂತಹ ಕಥೆಯೊಂದು 2010ರಲ್ಲಿ ತೆರೆಗೆ ಬಂದಿತು. ಅಮರೇಶ ನುಗಡೋಣಿಯವರ 'ಸವಾರಿ' ಕಥೆಯನ್ನು ಆಧರಿಸಿ ಗಿರೀಶ ಕಾಸರವಳ್ಳಿಯವರು 'ಕನಸೆಂಬೋ ಕುದುರೆಯನೇರಿ' ಚಿತ್ರವನ್ನು ನಿರ್ದೇಶಿಸಿದರು. ಅದರಲ್ಲಿ ಬಿರಾದಾರರು ಹೆಣಗಳಿಗೆ ಗುಂಡಿ ತೋಡುವ ಈರ್ಯಾ. ಉಮಾಶ್ರೀಯವರು ಅವನ ಹೆಂಡತಿ ರುದ್ರಿ. ಕನಸಿನಲ್ಲಿ ಸಿದ್ಧನು ಕಾಣಿಸಿಕೊಂಡರೆ ಊರಿನಲ್ಲಿ ಸಾವು ಸಂಭವಿಸಿದೆಯೆಂಬುದು ಈರ್ಯಾನ ನಂಬಿಕೆ. ಒಮ್ಮೆ ಕನಸು ಬೀಳುತ್ತದೆ, ಆದರೆ ಸಾವಿನ ಸುದ್ದಿಯಿಲ್ಲ. ಊರಿನ ದೊಡ್ಡ ಮನೆಯವರು ಯಜಮಾನನ ಸಾವನ್ನು ಮುಚ್ಚಿಟ್ಟಿರುತ್ತಾರೆ. ಸುಳ್ಳು ಹೇಳಿದವರು ಉಳ್ಳವರು. ತನ್ನ ಕನಸೇ ಸುಳ್ಳಾಯಿತೆಂದು ಕುಗ್ಗಿದವನು ಬಡವ. ಆ ಕುಗ್ಗುವಿಕೆಯನ್ನು ಬಿರಾದಾರರು ಅಬ್ಬರವಿಲ್ಲದೆ ತೋರಿಸಿದರು. ಅದುವರೆಗೆ ನಗೆಯ ವಸ್ತುವಾಗಿದ್ದ ಮುಖದಲ್ಲಿ ಜನರು ಮನುಷ್ಯನ ಘನತೆಯನ್ನು ಕಂಡರು. ಚಿತ್ರವು 2009ನೆಯ ಸಾಲಿನ ಕನ್ನಡದ ಅತ್ಯುತ್ತಮ ಚಿತ್ರವೆಂದು ರಾಷ್ಟ್ರಪ್ರಶಸ್ತಿಯನ್ನು ಪಡೆಯಿತು. 2011ರಲ್ಲಿ ಸ್ಪೇನ್ ದೇಶದ ಮ್ಯಾಡ್ರಿಡ್ ನಗರದ 'ಇಮ್ಯಾಜಿನ್ ಇಂಡಿಯಾ' ಚಿತ್ರೋತ್ಸವವು ಬಿರಾದಾರರನ್ನು ಶ್ರೇಷ್ಠ ನಟನೆಂದು ಗೌರವಿಸಿತು.

ಪ್ರಶಸ್ತಿ ಬಂದಿತೆಂದು ಅವರು ಸಣ್ಣ ಪಾತ್ರಗಳನ್ನು ತೊರೆಯಲಿಲ್ಲ. 2023ರಲ್ಲಿ ಬಿಡುಗಡೆಯಾದ '90 ಬಿಡಿ ಮನೀಗ್ ನಡಿ' ಅವರ 500ನೆಯ ಚಿತ್ರವೆಂದು ಹೆಸರಾಯಿತು. ಅದರಲ್ಲಿ ಅವರೇ ನಾಯಕರು. ಆ ವಯಸ್ಸಿನಲ್ಲಿಯೂ ಹಾಡಿಗೆ ಹೆಜ್ಜೆ ಹಾಕಿ ಕುಣಿದರು.

ಶಾಲೆಯ ವಾರ್ಷಿಕೋತ್ಸವದ ನಾಟಕದಲ್ಲಿ ನಿಮಗೆ ಒಂದೇ ಮಾತಿನ ಪಾತ್ರ ದೊರೆಯಬಹುದು. ಆಗ ಮುಖ ಬಾಡಿಸಬೇಡಿರಿ. ಆ ಒಂದು ಮಾತನ್ನು ಆಡುವವನು ಯಾರು, ಅವನ ಮನೆಯೆಲ್ಲಿ, ಅವನ ದುಃಖವೇನು ಎಂದು ಯೋಚಿಸಿರಿ. ತೇಗಂಪುರದ ಈ ನಟರ ಈರ್ಯಾನನ್ನು ಮ್ಯಾಡ್ರಿಡ್ಡಿನವರು ಗುರುತಿಸಿದ್ದು ಆ ದುಃಖವನ್ನು ಕಂಡೇ.