ನೋಡುವವನ ಹೊಣೆ

ಅನ್ಯರ ಮನೆಯ ಕಿಟಕಿಯಲ್ಲಿ ಇಣುಕುವುದು ತಪ್ಪೆಂದು ಎಲ್ಲರೂ ಬಲ್ಲೆವು. ಆದರೆ ಮನೆಯವರೇ ಕಿಟಕಿಯನ್ನು ತೆರೆದಿಟ್ಟು 'ನೋಡಿರಿ' ಎಂದರೆ? ಇದು ಕೇವಲ ತರ್ಕಕ್ಕಾಗಿ ಕಲ್ಪಿಸಿದ ಪ್ರಶ್ನೆಯಲ್ಲ.

1996ರ ಏಪ್ರಿಲಿನಲ್ಲಿ ಅಮೆರಿಕದ ಪೆನ್ಸಿಲ್ವೇನಿಯಾ ಸಂಸ್ಥಾನದ ಡಿಕಿನ್ಸನ್ ಕಾಲೇಜಿನಲ್ಲಿ ಓದುತ್ತಿದ್ದ ಜೆನಿಫರ್ ರಿಂಗ್ಲಿ ಎಂಬ 19 ವರ್ಷದ ತರುಣಿ ತನ್ನ ವಿದ್ಯಾರ್ಥಿನಿಲಯದ ಕೋಣೆಯಲ್ಲಿ ಒಂದು ಚಿಕ್ಕ ಕ್ಯಾಮರಾವನ್ನಿರಿಸಿದಳು. ಅದು ಕೆಲವು ನಿಮಿಷಗಳಿಗೊಮ್ಮೆ ತೆಗೆದ ಕಪ್ಪು-ಬಿಳುಪು ಚಿತ್ರ ತಾನಾಗಿಯೇ ಇಂಟರ್‌ನೆಟ್ಟಿಗೆ ಏರುತ್ತಿತ್ತು. ಆಕೆ ಓದುವುದು, ನಿದ್ರಿಸುವುದು, ಎಷ್ಟೋ ವೇಳೆ ಬರಿಯ ಖಾಲಿ ಕೋಣೆ. ಕಾಲಕ್ರಮೇಣ, ಏನನ್ನೂ ಮರೆಮಾಚಬಾರದೆಂಬ ನಿಲುವಿಗೆ ಆಕೆ ಬಂದಳು. 'ಜೆನ್ನಿಕ್ಯಾಮ್' ಎಂದು ಹೆಸರಾದ ಈ ಪ್ರಯೋಗ 2003ರ ಡಿಸೆಂಬರ್ ಕೊನೆಯವರೆಗೆ ನಡೆಯಿತು. ಲಕ್ಷಗಟ್ಟಲೆ ಜನ ನೋಡಿದರು. (ಖಾಲಿ ಕುರ್ಚಿಯನ್ನು ನೋಡುತ್ತ ಕುಳಿತವರ ತಾಳ್ಮೆ ಪರೀಕ್ಷಾಕಾಲದಲ್ಲಿ ನಮಗಿದ್ದರೆ!)

18ನೆಯ ಶತಮಾನದ ಕೊನೆಯಲ್ಲಿ ಆಂಗ್ಲ ತತ್ತ್ವಜ್ಞ ಜೆರೆಮಿ ಬೆಂತಮ್ ವರ್ತುಲಾಕಾರದ ಒಂದು ಸೆರೆಮನೆಯನ್ನು ಕಲ್ಪಿಸಿದ್ದನು. ನಡುಗೋಪುರದ ಕಾವಲುಗಾರನಿಗೆ ಎಲ್ಲ ಕೈದಿಗಳೂ ಕಾಣುವರು; ಅವನು ಅವರಿಗೆ ಕಾಣನು. ಅಲ್ಲಿ ಬಲಾತ್ಕಾರ, ಇಲ್ಲಿ ಸ್ವಂತ ಇಚ್ಛೆ. ಅಂತರ ದೊಡ್ಡದೇ ಸರಿ. ಆದರೂ ಎರಡೂ ಕಡೆ ನೋಡುವವನು ಕತ್ತಲಲ್ಲಿಯೇ ಇದ್ದಾನೆ. ನಮ್ಮ ಹಳ್ಳಿಯಲ್ಲಿ ಜಗಲಿಯ ಮೇಲೆ ಕುಳಿತವನು ದಾರಿಹೋಕರನ್ನು ನೋಡುತ್ತಾನೆ. ಅವನನ್ನು ಊರೇ ನೋಡುತ್ತದೆ. ಮಿತಿಮೀರಿದರೆ 'ಏನಯ್ಯ, ಹಂಗ್ ನೋಡ್ತೀಯ?' ಎಂದು ಗದರುವವರುಂಟು. ಪರದೆಯ ಮುಂದೆ ಕುಳಿತವನನ್ನು ಗದರುವವರಾರು?

'ಆಕೆಯ ಒಪ್ಪಿಗೆಯಿತ್ತಲ್ಲ' ಎಂದು ಸಹಪಾಠಿಗಳು ವಾದಿಸುತ್ತಾರೆ. ಇತ್ತು. ಆದರೆ ಒಬ್ಬಳ ಒಪ್ಪಿಗೆ ಆ ಕೋಣೆಗೆ ಬಂದುಹೋದವರೆಲ್ಲರ ಒಪ್ಪಿಗೆಯಾಗುವುದೆ? ಇನ್ನೂ ಮುಖ್ಯವಾದುದೊಂದಿದೆ. ಕ್ಯಾಮರಾವನ್ನು ನಿಲ್ಲಿಸಿದ ಮೇಲೆ ಆಕೆ ಜನರ ಕಣ್ಣಿನಿಂದ ಬಹುಮಟ್ಟಿಗೆ ದೂರ ಸರಿದಳು. ನೋಡುಗರು ತಮ್ಮ ಯಂತ್ರಗಳಲ್ಲಿ ಉಳಿಸಿಕೊಂಡ ಚಿತ್ರಗಳು ಮಾತ್ರ ಉಳಿದವು. ಹತ್ತೊಂಬತ್ತರ ಹುಡುಗಿ ಕೊಟ್ಟ ಮಾತಿಗೆ ನಲವತ್ತು ದಾಟಿದ ಹೆಂಗಸನ್ನು ಕಟ್ಟಿಹಾಕುವುದು ನನ್ನ ಬುದ್ಧಿಗೆ ನ್ಯಾಯವೆಂದು ತೋರದು. ತೆರೆದವಳು ಬಾಗಿಲನ್ನು ಮುಚ್ಚಿದ ಮೇಲೆಯೂ ಒಳಗೇ ನಿಂತ ಅತಿಥಿಯನ್ನು ಏನೆಂದು ಕರೆಯೋಣ?

ಇಂದು ಆ ಕ್ಯಾಮರಾ ನಮ್ಮೆಲ್ಲರ ಕಿಸೆಯಲ್ಲಿದೆ. ನಮ್ಮನ್ನು ನಾವು ತೋರಿಸಿಕೊಳ್ಳುವಾಗ ಬಸ್ಸಿನಲ್ಲಿ ತೂಕಡಿಸುವ ಮುದುಕ, ಸಂತೆಯಲ್ಲಿ ಸೊಪ್ಪು ಮಾರುವ ಹೆಂಗಸು ಇವರೂ ಚಿತ್ರದೊಳಕ್ಕೆ ಬಂದುಬಿಡುತ್ತಾರೆ. ಕಾಲೇಜಿನ ಸಮಾರಂಭವೊಂದಕ್ಕೆ ಬಂದಿದ್ದ ನನ್ನ ತಾಯಿ, ಯಾರದೋ ಫೋನಿನಲ್ಲಿ ತನ್ನ ಮುಖವನ್ನು ಕಂಡು, 'ಇದನ್ನ ಯಾರ್ಯಾರು ನೋಡ್ತಾರೆ ಮಗ?' ಎಂದು ಕೇಳಿದಳು. ಮೂರು ವರ್ಷ ಓದಿದ ನನಗೆ ಉತ್ತರ ತಿಳಿಯಲಿಲ್ಲ.