ಹಳೆಯ ಫೋನಿನ ರೇಡಿಯೋ

ಮಗೂ, ಅಟ್ಟದಲ್ಲಿ ಸಿಕ್ಕಿದ ಆ ನೋಕಿಯಾ ಎನ್85 ಅನ್ನು ಗುಜರಿಗೆ ಹಾಕಬೇಡ. ಮೊದಲು ಹಿಂಬದಿಯ ಮುಚ್ಚಳ ತೆಗೆದು ಬ್ಯಾಟರಿ ನೋಡು. ಉಬ್ಬಿದ್ದರೆ ಅದನ್ನು ಚಾರ್ಜಿಗೆ ಹಾಕಲೇಬೇಡ, ಬೇರೆಯದನ್ನು ತಂದು ಹಾಕು.

ಇಂಟರ್ನೆಟ್ ರೇಡಿಯೋ ಆಪ್ ತೆರೆದರೆ ನಿಲ್ದಾಣಗಳ ಪಟ್ಟಿ ಬರುತ್ತಿಲ್ಲ, ಕೆಟ್ಟುಹೋಗಿದೆ ಅಂದೆಯಲ್ಲ, ಕೆಟ್ಟಿಲ್ಲ ಕಣೋ. ಹಾಡು ಬರುವುದು ನಿಲ್ದಾಣದಿಂದ, ನಿಲ್ದಾಣದ ವಿಳಾಸ ಬರುತ್ತಿದ್ದುದು ನೋಕಿಯಾದ ಸರ್ವರ್‌ನಿಂದ. 2011ರಲ್ಲಿ ಕಂಪನಿ ಈ ಫೋನನ್ನು ನಡೆಸುವ ಸಿಂಬಿಯಾನ್ ತಂತ್ರಾಂಶವನ್ನು ಬಿಟ್ಟು ವಿಂಡೋಸ್ ಫೋನಿನ ಕಡೆಗೆ ಹೊರಳಿತು. ಮುಂದೆ ಆ ಪಟ್ಟಿಯೂ ನಿಂತಿತು. ಅಂಚೆಯಣ್ಣ ನಿವೃತ್ತನಾದ ಮಾತ್ರಕ್ಕೆ ಊರಿನ ಮನೆಗಳು ಬಿದ್ದುಹೋಗುತ್ತವೆಯೇ?

ವಿಳಾಸವನ್ನು ಕೈಯಾರೆ ಸೇರಿಸುವ ಅವಕಾಶ ಆ ಆಪ್‌ನಲ್ಲೇ ಇದೆ. ನಿಲ್ದಾಣಗಳು ಕೊಡುವ ಪಿಎಲ್‌ಎಸ್, ಎಂ3ಯು ಎಂಬ ಪುಟ್ಟ ಕಡತಗಳನ್ನು ಕಂಪ್ಯೂಟರಿನ ನೋಟ್‌ಪ್ಯಾಡಿನಲ್ಲಿ ತೆರೆ, ಒಳಗೆ ವಿಳಾಸ ಬರೆದೇ ಇರುತ್ತದೆ. ಎಚ್‌ಟಿಟಿಪಿ ಎಂದು ಶುರುವಾಗುವ, ಎಂಪಿ3 ಕಳಿಸುವ ವಿಳಾಸ ಆರಿಸು. ಎಚ್‌ಟಿಟಿಪಿಎಸ್ ಆದರೆ ಕಷ್ಟ, ಇಂದಿನ ಗೂಢಲಿಪಿ 2008ರ ಫೋನಿಗೆ ತಿಳಿಯದು. ಈಗ ಅನೇಕ ನಿಲ್ದಾಣಗಳು ಹಾಡನ್ನು ಕೆಲವೇ ಸೆಕೆಂಡುಗಳ ತುಂಡು ಮಾಡಿ ಎಚ್‌ಎಲ್‌ಎಸ್ ವಿಧಾನದಲ್ಲಿ ಕಳಿಸುತ್ತವೆ. ಅದೂ ಇದಕ್ಕೆ ಅರ್ಥವಾಗದು.

ಅಂಥವಕ್ಕೆ ಮೂಲೆ ಸೇರಿದ ಲ್ಯಾಪ್‌ಟಾಪನ್ನು ದುಭಾಷಿ ಮಾಡು. ಅದರಲ್ಲಿ ಎಫ್‌ಎಫ್‌ಎಂಪೆಗ್, ಐಸ್‌ಕಾಸ್ಟ್ ಎರಡನ್ನೂ ಹಾಕು, ಎರಡೂ ಉಚಿತ. ಮೊದಲನೆಯದು ಹೊಸ ರೀತಿಯ ಹಾಡನ್ನು 64 ಕೆಬಿಪಿಎಸ್‌ನ ಎಂಪಿ3 ಮಾಡುತ್ತದೆ, ಎರಡನೆಯದು ಮನೆಯ ವೈಫೈಯಲ್ಲಿ ಹಂಚುತ್ತದೆ. ಗಂಟೆಗೆ ಸುಮಾರು 29 ಎಂಬಿ ಅಷ್ಟೆ. ರೂಟರಿನ ವೈಫೈ ಭದ್ರತೆ ಮಾತ್ರ ಡಬ್ಲ್ಯೂಪಿಎ2ನಲ್ಲಿರಲಿ, ಡಬ್ಲ್ಯೂಪಿಎ3 ಆದರೆ ಫೋನು ಸೇರಿಕೊಳ್ಳುವುದಿಲ್ಲ. ಸ್ವಲ್ಪ ಒದ್ದಾಟವಾದರೂ ನನಗೆ ಈ ದಾರಿಯೇ ಇಷ್ಟ. ನಾಳೆ ಇನ್ಯಾವ ಕಂಪನಿ ತನ್ನ ಪಟ್ಟಿ ಮುಚ್ಚಿದರೂ ನಿನ್ನ ಮನೆಯ ಪಟ್ಟಿ ನಿನ್ನ ಕೈಯಲ್ಲೇ ಇರುತ್ತದೆ.

ಇನ್ನೊಂದು ಮಾತು. ಆ ಫೋನಿನಲ್ಲಿ ಬ್ಯಾಂಕು, ಇಮೇಲು ಯಾವುದರ ಪಾಸ್‌ವರ್ಡನ್ನೂ ಹಾಕಬೇಡ. ಭದ್ರತೆಯ ತೇಪೆ ಹಚ್ಚುವವರು ಅದಕ್ಕೆ ಯಾರೂ ಉಳಿದಿಲ್ಲ. ಅದು ಹಾಡಲಿ, ಸಾಕು.

ಮೆಚ್ಚಿದ ನಿಲ್ದಾಣಗಳ ವಿಳಾಸವನ್ನು ನೋಟ್‌ಬುಕ್ಕಿನಲ್ಲಿ ಬರೆದಿಡು. ನಾನು ಬರೆದಿಡಲಿಲ್ಲ. ರಾತ್ರಿ ಹತ್ತಾದ ಮೇಲೆ ಬರೀ ವೀಣೆ ಹಾಕುವ ನಿಲ್ದಾಣವೊಂದಿತ್ತು. ಗುಂಡಿ ಒತ್ತಿದರೆ ಬರುತ್ತಿತ್ತಲ್ಲ ಎಂದು ಅದರ ಹೆಸರನ್ನೂ ಸರಿಯಾಗಿ ನೋಡಿಕೊಳ್ಳಲಿಲ್ಲ. ಈಗಲೂ ಹುಡುಕುತ್ತಲೇ ಇದ್ದೇನೆ. ಭಾನುವಾರ ಬರುತ್ತೇನೆ, ಲ್ಯಾಪ್‌ಟಾಪ್ ಚಾರ್ಜ್ ಮಾಡಿಟ್ಟಿರು.