ಹಾನ್ಲೆಯ ಕೆಂಬೆಳಕು

ಮಾಗಿಯ ಕಾಲ. ಬೀದರ ಜಿಲ್ಲೆಯ ಹುಮನಾಬಾದಿನಿಂದ ಬಸವಕಲ್ಯಾಣದ ಕಡೆಗೆ ಹರಡಿರುವ ಬಯಲಿನಲ್ಲಿ ಜೋಳದ ಬೆಳೆ ತೆನೆ ಹಿಡಿದು ನಿಂತಿರುತ್ತದೆ. ಹಂದಿ, ಕೃಷ್ಣಮೃಗಗಳಿಂದ ಪೈರನ್ನು ಉಳಿಸಿಕೊಳ್ಳಲು ರೈತನು ಕಂಬಳಿ ಹೊದ್ದು ಹೊಲದ ಮಂಚಿಕೆಯ ಮೇಲೆ ರಾತ್ರಿಯನ್ನು ಕಳೆಯುತ್ತಾನೆ. ಕೈಗಡಿಯಾರವಿಲ್ಲದ ಕಾಲದಲ್ಲಿ ಅವನ ಹಿರಿಯರಿಗೆ ಆಕಾಶವೇ ಗಡಿಯಾರವಾಗಿತ್ತು. ಕೃತ್ತಿಕೆಯು ನೆತ್ತಿ ದಾಟಿತೆ, ಬೆಳ್ಳಿಚುಕ್ಕಿ ಮೂಡಿತೆ ಎಂದು ನೋಡಿ ಅವರು ಇರುಳಿನ ಜಾವಗಳನ್ನು ಎಣಿಸುತ್ತಿದ್ದರು. ಉತ್ತರ ದಿಕ್ಕಿನಲ್ಲಿ ಕದಲದೆ ನಿಂತ ಧ್ರುವನಕ್ಷತ್ರವು ಅವರಿಗೆ ದಾರಿ ತೋರಿಸುತ್ತಿತ್ತು.

ಈ ಧ್ರುವನಕ್ಷತ್ರಕ್ಕೆ ಒಂದು ವಿಶೇಷ ಗುಣವುಂಟು. ನೋಡುವವನ ಊರು ಭೂಮಧ್ಯರೇಖೆಯಿಂದ ಎಷ್ಟು ಡಿಗ್ರಿ ಉತ್ತರಕ್ಕಿದೆಯೋ, ದಿಗಂತದಿಂದ ಸುಮಾರು ಅಷ್ಟೇ ಡಿಗ್ರಿ ಎತ್ತರದಲ್ಲಿ ಅದು ಕಾಣುತ್ತದೆ. ಬಸವಕಲ್ಯಾಣವೂ ಹುಮನಾಬಾದೂ ಸುಮಾರು ೧೮ ಡಿಗ್ರಿ ಉತ್ತರದಲ್ಲಿವೆ. ತೋಳನ್ನು ನೀಳವಾಗಿ ಚಾಚಿ ಮುಷ್ಟಿ ಹಿಡಿದರೆ, ಆ ಮುಷ್ಟಿಯ ಅಗಲವು ಆಕಾಶದಲ್ಲಿ ಸುಮಾರು ೧೦ ಡಿಗ್ರಿಯನ್ನು ಮರೆಮಾಡುತ್ತದೆ. ಆದುದರಿಂದ ಇಲ್ಲಿಯವರಿಗೆ ಧ್ರುವನು ದಿಗಂತದಿಂದ ಎರಡು ಮುಷ್ಟಿಗಿಂತ ತುಸು ಕೆಳಗೆ ಇರುತ್ತಾನೆ. ಉತ್ತರಕ್ಕೆ ಪಯಣಿಸಿದಷ್ಟೂ ಅವನು ಮೇಲೇರುತ್ತಾನೆ. ನಾರ್ವೆ ದೇಶದ ಟ್ರೊಮ್ಸೊ ಪಟ್ಟಣದಲ್ಲಿ ಅವನ ಎತ್ತರ ಸುಮಾರು ೭೦ ಡಿಗ್ರಿ. ಅಷ್ಟು ಉತ್ತರದ ಆಕಾಶದಲ್ಲಿ ನಕ್ಷತ್ರಗಳೊಡನೆ ಇನ್ನೊಂದು ಅದ್ಭುತವೂ ಕಾಣಿಸುತ್ತದೆ. ಅದೇ ಧ್ರುವಪ್ರಭೆ. ಪಾಶ್ಚಾತ್ಯರು ಅದನ್ನು ಅರೋರಾ ಎಂದು ಕರೆಯುತ್ತಾರೆ.

ಚಳಿಗಾಲದ ನೀಳವಾದ ಇರುಳುಗಳಲ್ಲಿ ಹಸಿರು ಬಣ್ಣದ ಬೆಳಕು ಗಾಳಿಗೆ ಅಲುಗುವ ಪರದೆಯಂತೆ ಆಕಾಶದಲ್ಲಿ ತೂಗಾಡುತ್ತದೆ. ಅದರ ಮೇಲಂಚಿನಲ್ಲಿ ಒಮ್ಮೊಮ್ಮೆ ಕೆಂಪು ಬಣ್ಣ ತೋರುತ್ತದೆ. ಅದನ್ನು ನೋಡಲು, ಜೊತೆಗೆ ಹಿಮಸಾರಂಗ, ತಿಮಿಂಗಿಲಗಳನ್ನು ಕಾಣಲು ನಾನಾ ದೇಶಗಳ ಜನರು ಮಾರ್ಗದರ್ಶಕರ ನೆರವಿನಿಂದ ನಾಲ್ಕಾರು ದಿನಗಳ ಪ್ರವಾಸ ಕೈಗೊಳ್ಳುತ್ತಾರೆ. ಅಂತಹ ಪ್ರವಾಸ ನಮ್ಮ ದೇಶದಲ್ಲಿಯೂ ಸಾಧ್ಯವೆ? ಈ ಪ್ರಶ್ನೆಗೆ ಉತ್ತರ ಹೇಳುವ ಮೊದಲು ಧ್ರುವಪ್ರಭೆ ಹೇಗೆ ಉಂಟಾಗುತ್ತದೆಂಬುದನ್ನು ತಿಳಿಯಬೇಕು.

ಧ್ರುವಪ್ರಭೆಯ ಮೂಲವಿರುವುದು ಸೂರ್ಯನಲ್ಲಿ. ಸೂರ್ಯನಿಂದ ಬೆಳಕು ಮಾತ್ರವಲ್ಲದೆ ವಿದ್ಯುದಾವೇಶವುಳ್ಳ ಸೂಕ್ಷ್ಮ ಕಣಗಳೂ ಸದಾ ಹೊಮ್ಮುತ್ತಿರುತ್ತವೆ. ಇದಕ್ಕೆ ಸೌರಮಾರುತವೆಂದು ಹೆಸರು. ಕೆಲವು ವೇಳೆ ಸೂರ್ಯನಲ್ಲಿ ಮಹಾಸ್ಫೋಟಗಳಾಗಿ, ಇಂತಹ ಕಣಗಳ ದೊಡ್ಡ ಮೋಡವೇ ಭೂಮಿಯತ್ತ ಧಾವಿಸುತ್ತದೆ. ಸೂರ್ಯನ ಬೆಳಕು ನಮ್ಮನ್ನು ತಲುಪಲು ಎಂಟು ನಿಮಿಷಗಳಿಗಿಂತ ಸ್ವಲ್ಪ ಹೆಚ್ಚು ಕಾಲ ಸಾಕು. ಈ ಮೋಡಕ್ಕೆ ಸಾಮಾನ್ಯವಾಗಿ ಒಂದರಿಂದ ಮೂರು ದಿನಗಳು ಬೇಕು. ಭೂಮಿಯು ತಾನೇ ಒಂದು ದೊಡ್ಡ ಅಯಸ್ಕಾಂತ. ಅದರ ಕಾಂತಕ್ಷೇತ್ರವು ಕಣಗಳನ್ನು ತಡೆದು, ಅವುಗಳಲ್ಲಿ ಕೆಲವನ್ನು ಧ್ರುವಪ್ರದೇಶಗಳ ಕಡೆಗೆ ಸಾಗಿಸುತ್ತದೆ. ಅಲ್ಲಿ ಅವು ವಾಯುಮಂಡಲದ ಪರಮಾಣುಗಳಿಗೆ ಅಪ್ಪಳಿಸುತ್ತವೆ. ಆಗ ಪರಮಾಣುಗಳು ಬೆಳಕನ್ನು ಬೀರುತ್ತವೆ. ಸುಮಾರು ೧೦೦ರಿಂದ ೧೫೦ ಕಿಲೋಮೀಟರ್ ಎತ್ತರದ ಆಮ್ಲಜನಕವು ಹಸಿರು ಬೆಳಕನ್ನೂ, ೨೦೦ ಕಿಲೋಮೀಟರಿಗಿಂತ ಮೇಲಿನ ಆಮ್ಲಜನಕವು ಕೆಂಪು ಬೆಳಕನ್ನೂ ಕೊಡುತ್ತದೆ.

ಸೂರ್ಯನ ಕೋಪ ಮಿತಿಮೀರಿದಾಗ ಈ ಬೆಳಕು ಧ್ರುವಗಳ ನೆರೆಯನ್ನು ಬಿಟ್ಟು ದಕ್ಷಿಣದ ನಾಡುಗಳಿಗೂ ಇಳಿದು ಬರುತ್ತದೆ. ೧೮೫೯ನೆಯ ಇಸವಿ ಸೆಪ್ಟೆಂಬರ್ ೧ರಂದು ಇಂಗ್ಲೆಂಡಿನ ರಿಚರ್ಡ್ ಕ್ಯಾರಿಂಗ್ಟನ್ ಎಂಬ ಖಗೋಳವಿಜ್ಞಾನಿಯು ಸೂರ್ಯನ ಕಲೆಗಳ ಚಿತ್ರ ಬರೆಯುತ್ತಿದ್ದಾಗ, ಆ ಕಲೆಗಳ ನಡುವೆ ಕಣ್ಣು ಕೋರೈಸುವ ಬೆಳಕು ಹೊಳೆಯಿತು. ಮರುದಿನವೇ ಭೂಮಿಯ ಕಾಂತಕ್ಷೇತ್ರವು ತಲ್ಲಣಿಸಿತು. ಯೂರೋಪು ಅಮೆರಿಕಗಳ ತಂತಿ ಕಚೇರಿಗಳಲ್ಲಿ ಕೆಲಸ ಕೆಟ್ಟಿತು. ಬೊಂಬಾಯಿಯ ಕೊಲಾಬಾ ವೀಕ್ಷಣಾಲಯದ ಕಾಂತಮಾಪಕವು ಅಂದಿನ ಅಸಾಧಾರಣ ಕುಸಿತವನ್ನು ದಾಖಲಿಸಿತು. ಆ ದಾಖಲೆಯನ್ನು ಇಂದಿಗೂ ಜಗತ್ತಿನ ವಿಜ್ಞಾನಿಗಳು ಅಭ್ಯಾಸ ಮಾಡುತ್ತಾರೆ. ಹನ್ನೆರಡು ವರ್ಷಗಳಿಗಿಂತ ತುಸು ಹೆಚ್ಚು ಕಾಲದ ತರುವಾಯ, ೧೮೭೨ರ ಫೆಬ್ರುವರಿ ೪ರಂದು ಮತ್ತೊಂದು ಪ್ರಬಲ ಬಿರುಗಾಳಿ ಬೀಸಿತು. ಆ ರಾತ್ರಿ ಬೊಂಬಾಯಿಯಲ್ಲಿಯೇ ಧ್ರುವಪ್ರಭೆ ಕಂಡಿತೆಂದು ಅಂದಿನ ವೃತ್ತಪತ್ರಿಕೆಯು ವರದಿ ಮಾಡಿತು.

ಬೊಂಬಾಯಿ ಇರುವುದು ೧೯ ಡಿಗ್ರಿ ಉತ್ತರದಲ್ಲಿ. ಅಂದರೆ ಬಸವಕಲ್ಯಾಣಕ್ಕಿಂತ ಸುಮಾರು ಒಂದು ಡಿಗ್ರಿ ಮಾತ್ರ ಮೇಲೆ. ಅಂತಹ ಊರಿನ ಜನರು ಆ ಮಂದವಾದ ಬೆಳಕನ್ನು ಕಾಣಲು ಸಾಧ್ಯವಾದುದೇಕೆ? ಆಗ ಬೊಂಬಾಯಿಯಲ್ಲಿ ವಿದ್ಯುದ್ದೀಪಗಳಿರಲಿಲ್ಲ. ನಗರದ ಮೇಲೆ ನಿಜವಾದ ಇರುಳು ಕವಿಯುತ್ತಿತ್ತು. ಕಾಲ ಬದಲಾಯಿತು. ನಗರಕ್ಕೆ ವಿದ್ಯುತ್ತಿನ ಟ್ರಾಮುಗಳು ಬರುವುವೆಂದಾದಾಗ, ಅವು ಕಾಂತಮಾಪಕಗಳ ಕೆಲಸವನ್ನು ಕೆಡಿಸುವುವೆಂದು ತಿಳಿದು, ಆ ಉಪಕರಣಗಳ ಕಾರ್ಯಕ್ಕಾಗಿ ೧೯೦೪ರಲ್ಲಿ ಅಲಿಬಾಗಿನಲ್ಲಿ ಬೇರೊಂದು ವೀಕ್ಷಣಾಲಯ ಸಿದ್ಧವಾಯಿತು. ಉಪಕರಣವನ್ನು ಬೇರೆಡೆಗೆ ಒಯ್ಯಬಹುದು. ಆಕಾಶವನ್ನು ಒಯ್ಯುವುದಾದರೂ ಹೇಗೆ? ಇಂದು ಅಂತಹ ಬೆಳಕು ಮತ್ತೆ ಮುಂಬಯಿಯ ಮೇಲೆ ಬಂದರೂ ಅಲ್ಲಿನ ಜನರು ಅದನ್ನು ಕಾಣಲಾರರು. ಕೋಟಿ ದೀಪಗಳ ಹೊಳಪಿನಲ್ಲಿ ಅದು ಕರಗಿಹೋಗುವುದು.

ಆಕಾಶವನ್ನು ಕಾಣಬೇಕಾದರೆ ಕತ್ತಲೆಯನ್ನು ಹುಡುಕಿಕೊಂಡು ಹೋಗಬೇಕು. ಬೆಂಗಳೂರಿನ ಭಾರತೀಯ ಖಭೌತವಿಜ್ಞಾನ ಸಂಸ್ಥೆಯ ವಿಜ್ಞಾನಿಗಳು ಹಾಗೆ ಹುಡುಕುತ್ತ ಲಡಾಖಿನ ಹಾನ್ಲೆ ಎಂಬ ಹಳ್ಳಿಯನ್ನು ತಲುಪಿದರು. ಅದು ೩೩ ಡಿಗ್ರಿ ಉತ್ತರದಲ್ಲಿ, ಸಮುದ್ರಮಟ್ಟದಿಂದ ನಾಲ್ಕು ಸಾವಿರ ಮೀಟರಿಗಿಂತ ಎತ್ತರದಲ್ಲಿದೆ. ಮಳೆ ಕಡಮೆ, ಗಾಳಿ ತಿಳಿ, ಜನವಸತಿ ವಿರಳ. ಹಳ್ಳಿಯ ಪಕ್ಕದ ಬೆಟ್ಟದ ಮೇಲೆ, ೪೫೦೦ ಮೀಟರ್ ಎತ್ತರದಲ್ಲಿ, ೨೦೦೦ನೆಯ ಇಸವಿಯಲ್ಲಿ ಎರಡು ಮೀಟರ್ ವ್ಯಾಸದ ದರ್ಪಣವುಳ್ಳ ದೂರದರ್ಶಕವು ಮೊದಲ ಬಾರಿಗೆ ಆಕಾಶವನ್ನು ನೋಡಿತು. ವಿಜ್ಞಾನಿ ಚಂದ್ರಶೇಖರರ ನೆನಪಿಗಾಗಿ ಅದಕ್ಕೆ ಹಿಮಾಲಯ ಚಂದ್ರ ದೂರದರ್ಶಕವೆಂದು ಹೆಸರಿಟ್ಟಿದ್ದಾರೆ. ಅದನ್ನು ಬೆಂಗಳೂರಿನ ಸಮೀಪದ ಹೊಸಕೋಟೆಯಿಂದ ಉಪಗ್ರಹದ ಮೂಲಕ ನಡೆಸಲಾಗುತ್ತದೆ. ಕನ್ನಡ ನಾಡಿನ ಒಂದು ಕೋಣೆಯಲ್ಲಿ ಕುಳಿತವರು ಹಿಮಾಲಯದ ಆಚೆಯ ಆಕಾಶವನ್ನು ಕಾಣುತ್ತಾರೆ!

ಹಾನ್ಲೆಗೆ ಹೋಗುವ ಪ್ರವಾಸಿಗನಿಗೆ ಮೊದಲು ಬೇಕಾದುದು ತಾಳ್ಮೆ. ವಿಮಾನದಿಂದ ಲೇಹ್ ಪಟ್ಟಣಕ್ಕೆ ಇಳಿದವನು ಕೂಡಲೆ ಮುಂದುವರಿಯುವಂತಿಲ್ಲ. ಅಲ್ಲಿಯೇ ಎತ್ತರ ೩೫೦೦ ಮೀಟರ್; ಉಸಿರಿಗೆ ದೊರೆಯುವ ಆಮ್ಲಜನಕ ಕಡಮೆ. ಎರಡು ದಿನಗಳಾದರೂ ವಿಶ್ರಮಿಸಿ ದೇಹವನ್ನು ಒಗ್ಗಿಸಿಕೊಳ್ಳಬೇಕು. ಅನಂತರ ಸಿಂಧೂ ನದಿಯ ದಡದಲ್ಲಿ ಸಾಗಿ, ನ್ಯೋಮಾ ದಾಟಿ, ಲೋಮಾದಲ್ಲಿ ನದಿಯನ್ನು ದಾಟಿದರೆ ಹಾನ್ಲೆಯ ಬಯಲು ತೆರೆದುಕೊಳ್ಳುತ್ತದೆ. ಲೇಹ್‌ನಿಂದ ಅದು ಸುಮಾರು ೨೫೦ ಕಿಲೋಮೀಟರ್ ದೂರ. ೧೭ನೆಯ ಶತಮಾನದ ಬೌದ್ಧ ವಿಹಾರವೊಂದು ಗುಡ್ಡದ ಮೇಲಿನಿಂದ ಹಳ್ಳಿಯನ್ನು ನೋಡುತ್ತ ನಿಂತಿದೆ.

ಈ ಬಯಲು ಚಾಂಗ್‌ಥಾಂಗ್ ವನ್ಯಜೀವಿಧಾಮದ ಒಂದು ಭಾಗ. ಕಿಯಾಂಗ್ ಎಂಬ ಕಂದುಬಣ್ಣದ ಕಾಡುಕತ್ತೆಗಳು ಗುಂಪುಗುಂಪಾಗಿ ಮೇಯುತ್ತವೆ. ಹಾನ್ಲೆಯ ಜೌಗಿನಲ್ಲಿ ಬೇಸಗೆಯ ಹೊತ್ತಿಗೆ ಕಪ್ಪುಕೊರಳಿನ ಕ್ರೌಂಚಗಳು ಗೂಡು ಕಟ್ಟುತ್ತವೆ. ಅವು ಲಡಾಖಿನ ರಾಜ್ಯಪಕ್ಷಿ. ಬಂಡೆಗಳ ಸಂದಿನಲ್ಲಿ ಪಲ್ಲಾಸ್ ಬೆಕ್ಕು ಎಂಬ ದಟ್ಟ ತುಪ್ಪಳಿನ ಕಾಡುಬೆಕ್ಕು ಅಡಗಿರುತ್ತದೆ. ಪರಿಚಿತ ಕಣ್ಣಿಲ್ಲದವನಿಗೆ ಅದು ಕಲ್ಲಿನಂತೆಯೇ ತೋರುತ್ತದೆ. ಆದುದರಿಂದ ಸ್ಥಳೀಯ ಮಾರ್ಗದರ್ಶಕನ ನೆರವು ಅವಶ್ಯಕ. ಪ್ರಾಣಿ ಎಲ್ಲಿದೆಯೆಂದು ತೋರಿಸುವುದರ ಜೊತೆಗೆ ಎಷ್ಟು ದೂರದಲ್ಲಿ ನಿಲ್ಲಬೇಕೆಂಬುದನ್ನೂ ಅವನೇ ಹೇಳಬೇಕು. ಹತ್ತಿರ ಹೋದ ವಾಹನಕ್ಕೆ ಬೆದರಿ ಕಿಯಾಂಗ್‌ಗಳು ಓಡಿದರೆ, ಆ ತೆಳುಗಾಳಿಯಲ್ಲಿ ಅವುಗಳ ಶಕ್ತಿ ವೃಥಾ ವ್ಯಯವಾಗುತ್ತದೆ. ಪ್ರವಾಸಿಗರು ಎಸೆದ ಆಹಾರವನ್ನು ತಿಂದು ಬೆಳೆದ ಬೀದಿನಾಯಿಗಳು ಕ್ರೌಂಚಗಳ ಮೊಟ್ಟೆ ಮರಿಗಳನ್ನು ನಾಶಮಾಡುತ್ತವೆ.

೨೦೨೨ರ ಡಿಸೆಂಬರಿನಲ್ಲಿ ಹಾನ್ಲೆಯ ಸುತ್ತಲಿನ ಸುಮಾರು ೧೦೭೦ ಚದರ ಕಿಲೋಮೀಟರ್ ಪ್ರದೇಶವನ್ನು ಕತ್ತಲೆಯ ಆಕಾಶದ ಮೀಸಲು ಪ್ರದೇಶವೆಂದು ಘೋಷಿಸಲಾಯಿತು. ಕಾಡಿಗೆ, ಪ್ರಾಣಿಗೆ ಮೀಸಲು ಇರುವಂತೆ ಕತ್ತಲೆಗೂ ಮೀಸಲು! ಅಲ್ಲಿಯ ಮನೆಗಳು ಇರುಳಿನಲ್ಲಿ ಕಿಟಕಿಗಳಿಗೆ ದಪ್ಪ ಪರದೆ ಎಳೆಯುತ್ತವೆ. ಹೊರಗಿನ ದೀಪಗಳಿಗೆ ಮುಚ್ಚಿಗೆ ಹಾಕಿ ಬೆಳಕು ನೆಲಕ್ಕೆ ಮಾತ್ರ ಬೀಳುವಂತೆ ಮಾಡುತ್ತಾರೆ. ವಾಹನಗಳ ಪ್ರಖರ ದೀಪಗಳಿಗೆ ಅಲ್ಲಿ ಎಡೆಯಿಲ್ಲ. ಊರಿನ ೨೪ ಮಂದಿ ತರುಣ ತರುಣಿಯರಿಗೆ ವಿಜ್ಞಾನಿಗಳು ತರಬೇತಿ ನೀಡಿ ದೂರದರ್ಶಕಗಳನ್ನು ಒದಗಿಸಿದ್ದಾರೆ. ಹಗಲು ಮನೆಯ, ಹೊಲದ, ಆಡುಕುರಿಗಳ ಕೆಲಸ. ಇರುಳು ಅತಿಥಿಗಳಿಗೆ ಶನಿಯ ಬಳೆಗಳನ್ನೂ ನೀಹಾರಿಕೆಗಳನ್ನೂ ತೋರಿಸುವ ಕೆಲಸ. ಕತ್ತಲೆಯನ್ನು ಕಾಯ್ದುದರಿಂದಲೇ ಅವರ ಮನೆಗಳಿಗೆ ನಾಲ್ಕು ಕಾಸಿನ ಸಂಪಾದನೆ ಬಂದಿತು.

ಆ ಕತ್ತಲೆಯ ಬೆಲೆ ೨೦೨೪ರ ಮೇ ತಿಂಗಳಿನಲ್ಲಿ ಎಲ್ಲರಿಗೂ ಮನದಟ್ಟಾಯಿತು. ಸೂರ್ಯನ ಮೇಲೆ ಭೂಮಿಗಿಂತ ಹಲವು ಪಟ್ಟು ಅಗಲವಾದ ಕಲೆಗಳ ಗುಂಪೊಂದು ಕಾಣಿಸಿಕೊಂಡು, ಅಲ್ಲಿಂದ ಒಂದರ ಹಿಂದೊಂದು ಸ್ಫೋಟಗಳಾದುವು. ೨೦೦೩ರ ತರುವಾಯ ಅಷ್ಟು ತೀವ್ರವಾದ ಕಾಂತಬಿರುಗಾಳಿ ಭೂಮಿಗೆ ತಾಗಿರಲಿಲ್ಲ. ಭೂಮಿಯಿಂದ ೧೫ ಲಕ್ಷ ಕಿಲೋಮೀಟರ್ ದೂರದಲ್ಲಿ ನೆಲೆನಿಂತ ಭಾರತದ ಆದಿತ್ಯ ಎಲ್-೧ ನೌಕೆಯೂ ಆ ಕಣಗಳ ಪ್ರವಾಹವನ್ನು ಅಳೆಯಿತು. ಮೇ ೧೦ರ ಇರುಳು ಕಳೆದು ೧೧ರ ನಸುಕು ಹರಿಯುವ ಮೊದಲು, ರಾತ್ರಿ ಒಂದು ಗಂಟೆಯ ವೇಳೆಗೆ, ಹಾನ್ಲೆಯ ವಾಯವ್ಯ ದಿಗಂತದಲ್ಲಿ ಕೆಂಪು ಹರಡತೊಡಗಿತು. ಇಡೀ ಆಕಾಶವನ್ನು ಚಿತ್ರಿಸುವ ವೀಕ್ಷಣಾಲಯದ ಕ್ಯಾಮರಾ ಸುಮಾರು ಮೂರೂವರೆ ಗಂಟೆಯವರೆಗೆ ಅದನ್ನು ಸೆರೆಹಿಡಿಯಿತು.

ಹಸಿರು ಪರದೆ ಅಲ್ಲಿ ಕಾಣಲಿಲ್ಲವೇಕೆ? ಆ ಬೆಳಕು ಮೂಡಿದುದು ಹಾನ್ಲೆಗಿಂತ ಬಹಳ ಉತ್ತರದಲ್ಲಿ. ಭೂಮಿ ಗುಂಡಾಗಿರುವುದರಿಂದ ಕೆಳಗಿನ ಹಸಿರು ಭಾಗವು ದಿಗಂತದ ಮರೆಯಲ್ಲಿ ಉಳಿದು, ಅತ್ಯಂತ ಎತ್ತರದ ಕೆಂಪು ಭಾಗ ಮಾತ್ರ ಇಣುಕಿತು. ಬರಿಗಣ್ಣಿಗೆ ಇಂತಹ ಬೆಳಕು ಮಸುಕಾಗಿಯೇ ತೋರುತ್ತದೆ. ಬಹಳ ಹೊತ್ತು ಬೆಳಕನ್ನು ಕೂಡಿಸಿಕೊಳ್ಳುವ ಕ್ಯಾಮರಾದಲ್ಲಿ ಅದರ ಬಣ್ಣ ಸ್ಪಷ್ಟವಾಗುತ್ತದೆ. ಧ್ರುವಪ್ರಭೆಯನ್ನು ಖಂಡಿತ ತೋರಿಸುವೆನೆಂದು ಮಾತು ಕೊಡಲು ಯಾವ ಮಾರ್ಗದರ್ಶಕನಿಗೂ ಸಾಧ್ಯವಿಲ್ಲ. ಅದು ಸೂರ್ಯನ ಇಚ್ಛೆಗೆ ಸೇರಿದುದು. ಆದರೆ ಅದು ಬಂದಾಗ ಕಾಣುವಂತೆ ಆಕಾಶವನ್ನು ಶುಚಿಯಾಗಿ ಇಟ್ಟುಕೊಳ್ಳುವುದು ಮನುಷ್ಯನ ಕೈಯಲ್ಲಿದೆ. ಹಾನ್ಲೆಯ ಜನರು ಮಾಡಿದುದು ಇಷ್ಟೇ.

ಈ ಕತ್ತಲೆಯಿಂದ ಕನ್ನಡ ನಾಡಿಗೇನು ಸಂಬಂಧವೆಂದು ಯಾರಾದರೂ ಕೇಳಬಹುದು. ಅದಕ್ಕೆ ಒಂದು ಹಕ್ಕಿಯೇ ಉತ್ತರ ಹೇಳುತ್ತದೆ. ಗದಗ ಜಿಲ್ಲೆಯ ಮಾಗಡಿ ಕೆರೆಗೆ ಪ್ರತಿ ಚಳಿಗಾಲದಲ್ಲಿ ಪಟ್ಟೆತಲೆಯ ಹೆಬ್ಬಾತುಗಳು ಸಾವಿರಗಟ್ಟಲೆಯಾಗಿ ಬರುತ್ತವೆ. ಬೇಸಗೆಯಲ್ಲಿ ಅವು ಲಡಾಖ್, ಟಿಬೆಟ್, ಮಂಗೋಲಿಯಾಗಳ ಸರೋವರಗಳಲ್ಲಿ ಮರಿಮಾಡುವ ಹಕ್ಕಿಗಳ ಕುಲಕ್ಕೆ ಸೇರಿದುವು. ಹಿಮಾಲಯವನ್ನು ದಾಟುವಾಗ ಅವು ಹೆಚ್ಚಾಗಿ ತಂಪಾದ ಇರುಳಿನಲ್ಲಿಯೂ ನಸುಕಿನಲ್ಲಿಯೂ ಹಾರುತ್ತವೆ. ಮನುಷ್ಯನು ಹಣ ತೆತ್ತು ಮಾಡುವ ಉತ್ತರದ ಯಾತ್ರೆಯನ್ನು ಅವು ಯಾರ ನೆರವೂ ಇಲ್ಲದೆ ವರ್ಷಕ್ಕೊಮ್ಮೆ ಮಾಡುತ್ತವೆ. ಇರುಳಿನಲ್ಲಿ ಹಾರುವ ಅನೇಕ ವಲಸೆ ಹಕ್ಕಿಗಳು ನಗರಗಳ ಪ್ರಖರ ಬೆಳಕಿಗೆ ಮರುಳಾಗಿ ದಾರಿತಪ್ಪುತ್ತವೆ. ಕತ್ತಲೆಯ ನಾಶದಿಂದ ನಷ್ಟವಾಗುವುದು ಆಕಾಶ ನೋಡುವವರಿಗೆ ಮಾತ್ರವಲ್ಲ.

ಹುಮನಾಬಾದಿನ ಬಳಿ ಈಗ ಪುಣೆ–ಹೈದರಾಬಾದು ಹೆದ್ದಾರಿಯಲ್ಲಿ ಇರುಳೆಲ್ಲ ವಾಹನಗಳ ಸಾಲು. ಬಸವಕಲ್ಯಾಣಕ್ಕೆ ತಿರುಗುವ ಸಸ್ತಾಪುರ ಬಂಗ್ಲಾದ ಬಳಿ ಅಂಗಡಿಗಳ, ಲಾರಿಗಳ ದೀಪಗಳು ಬೆಳಗುವವರೆಗೂ ಉರಿಯುತ್ತವೆ. ದುಡಿಯುವ ಜನರಿಗೆ ಬೆಳಕು ಬೇಕು. ಅದು ಬೇಡವೆಂದು ಯಾರೂ ಹೇಳಲಾರರು. ಆದರೆ ನೆಲಕ್ಕೆ ಬೀಳಬೇಕಾದ ಬೆಳಕು ಆಕಾಶಕ್ಕೆ ಹರಿದರೆ ಅದರಿಂದ ಯಾರ ಕೆಲಸವೂ ಸಾಗದು. ವಿದ್ಯುತ್ತಿನ ಹಣ ಮಾತ್ರ ಹೋಗುತ್ತದೆ. ದೀಪದ ಮೇಲೊಂದು ತಗಡಿನ ಮುಚ್ಚಿಗೆ, ಬೇಡದ ಹೊತ್ತಿನಲ್ಲಿ ಆರಿಸುವ ಒಂದು ಬೆರಳು, ಇಷ್ಟರಿಂದಲೇ ಬಹುಭಾಗ ಇರುಳು ಹಿಂದಿರುಗುತ್ತದೆ.

ಚಾಲುಕ್ಯರ ರಾಜಧಾನಿಯಾಗಿದ್ದಾಗ, ಶರಣರು ಕೂಡಿ ಬಾಳಿದಾಗ, ಕಲ್ಯಾಣದ ಮೇಲೆ ಮಿನುಗುತ್ತಿದ್ದ ನಕ್ಷತ್ರಗಳು ಎಲ್ಲಿಗೂ ಹೋಗಿಲ್ಲ. ಊರಿನ ದೀಪಗಳಿಂದ ಸ್ವಲ್ಪ ದೂರ, ಹಿರಿಯರೊಡನೆ ಹೊಲಕ್ಕೆ ಹೋದ ಬಾಲಕನೊಬ್ಬನು ಉತ್ತರಕ್ಕೆ ಮುಖಮಾಡಿ ತೋಳು ಚಾಚಿ, ಮುಷ್ಟಿಯ ಮೇಲೆ ಮುಷ್ಟಿಯಿಟ್ಟು ಅಳೆದು ನೋಡಲಿ. ಎರಡನೆಯ ಮುಷ್ಟಿಯ ಬಳಿ ಮಿನುಗುವ ಚುಕ್ಕಿ ಕಂಡರೆ, ಅವನ ಊರಿನಲ್ಲಿ ಇನ್ನೂ ಸ್ವಲ್ಪ ಇರುಳು ಉಳಿದಿದೆಯೆಂದು ತಿಳಿಯಬೇಕು.

ಅಭ್ಯಾಸ

೧. ಧ್ರುವನಕ್ಷತ್ರದ ಎತ್ತರದಿಂದ ಊರಿನ ಸ್ಥಾನವನ್ನು ತಿಳಿಯುವ ಬಗೆ ಹೇಗೆ?
೨. ೧೮೭೨ರಲ್ಲಿ ಬೊಂಬಾಯಿಯ ಜನರು ಕಂಡುದನ್ನು ಇಂದಿನ ಜನರು ಕಾಣಲಾರರು. ಏಕೆ?
೩. ಹಾನ್ಲೆಯಲ್ಲಿ ಧ್ರುವಪ್ರಭೆಯ ಕೆಂಪು ಭಾಗ ಮಾತ್ರ ಕಂಡುದಕ್ಕೆ ಕಾರಣವೇನು?
೪. ಹಾನ್ಲೆಯ ಜನರು ಕತ್ತಲೆಯನ್ನು ಕಾಪಾಡಲು ಯಾವ ಕ್ರಮಗಳನ್ನು ಅನುಸರಿಸುತ್ತಾರೆ?
೫. ನಿಮ್ಮ ಊರಿನಲ್ಲಿ ಆಕಾಶಕ್ಕೆ ಹರಿದು ವ್ಯರ್ಥವಾಗುವ ದೀಪಗಳನ್ನು ಗುರುತಿಸಿ, ಅವನ್ನು ಸರಿಪಡಿಸುವ ಬಗೆಯನ್ನು ಕುರಿತು ಒಂದು ಪುಟ ಬರೆಯಿರಿ.